ಲಕ್ಮೇ ಎಂಬ ಹೆಸರು

ಫ್ರಾನ್ಸ್ ದೇಶದಲ್ಲಿ ಹೆಣ್ಣುಮಕ್ಕಳಿಗೆ ಅಪರೂಪವಾಗಿ ಇಡತಕ್ಕ ಹೆಸರುಗಳಲ್ಲಿ ಲಕ್ಮೇ ಎಂಬುದೊಂದುಂಟು. ನಮ್ಮ ನಾಡಿನಲ್ಲಿ ಇದು ಲ್ಯಾಕ್ಮೆ ಎಂಬ ರೂಪದಿಂದ ಅಂಗರಾಗದ್ರವ್ಯಗಳ ಮುದ್ರೆಯಾಗಿ ಪೇಟೆಯ ಫಲಕಗಳ ಮೇಲೆ ಎಲ್ಲರ ಕಣ್ಣಿಗೂ ಬಿದ್ದಿದೆ. ನಾನಿರುವ ಬೊಮ್ಮನಹಳ್ಳಿಯಲ್ಲಿಯೂ ಲಕ್ಷ್ಮಿಯ ಹೆಸರನ್ನು ಹೊತ್ತ ದಿನಸಿ ಅಂಗಡಿಗೂ ಲ್ಯಾಕ್ಮೆ ಎಂಬ ಫಲಕವನ್ನು ಕಟ್ಟಿದ ಅಂಗಡಿಗೂ ನಡುವೆ ಹೆಚ್ಚು ದೂರವಿಲ್ಲ. ಇವೆರಡೂ ಒಂದೇ ಶಬ್ದದ ಎರಡು ರೂಪಗಳೆಂಬುದು ಅಲ್ಲಿ ಹಾದುಹೋಗುವವರಿಗೆ ತೋರುವುದಿಲ್ಲ; ತೋರದಿರುವುದು ಸಹಜವೇ ಸರಿ. ಆದರೆ ಭಾಷಾವಿಷಯದಲ್ಲಿ ಆಸಕ್ತಿಯುಳ್ಳವರು ಈ ಹೆಸರನ್ನು ಸ್ವಲ್ಪ ನಿಂತು ನೋಡಿದಲ್ಲಿ, ನಮ್ಮ ಕನ್ನಡದ ತದ್ಭವಪ್ರಕ್ರಿಯೆಯ ಮೇಲೆಯೇ ಹೊಸದೊಂದು ಬೆಳಕು ಬೀಳುವುದೆಂದು ನನಗೆ ತೋರುತ್ತದೆ.

ಈ ಹೆಸರು ಫ್ರೆಂಚ್ ಭಾಷೆಗೆ ಬಂದದ್ದು ರಂಗಭೂಮಿಯ ಮೂಲಕ. ಲೇಯೋ ದೆಲಿಬ್ ಎಂಬ ಸಂಗೀತಕಾರನು ರಚಿಸಿದ ‘ಲಕ್ಮೇ’ ಎಂಬ ಗೀತನಾಟಕವು 1883ನೆಯ ಏಪ್ರಿಲ್ 14ರಂದು ಪ್ಯಾರಿಸ್ ನಗರದ ಒಪೆರಾ ಕೊಮಿಕ್ ರಂಗಮಂದಿರದಲ್ಲಿ ಮೊದಲ ಬಾರಿಗೆ ಪ್ರಯೋಗವಾಯಿತು. ಅದರ ಸಾಹಿತ್ಯವನ್ನು ಬರೆದವರು ಎದ್ಮೋಂ ಗೋಂದಿನೇ ಮತ್ತು ಫಿಲಿಪ್ ಝೀಲ್ ಎಂಬಿಬ್ಬರು. 1931ರ ವೇಳೆಗೆ ಆ ಒಂದೇ ರಂಗಮಂದಿರದಲ್ಲಿ ಸಾವಿರ ಪ್ರಯೋಗಗಳು ನಡೆದುವೆಂದರೆ ಅದು ಎಷ್ಟು ಜನಪ್ರಿಯವಾಗಿದ್ದಿತೆಂಬುದನ್ನು ಊಹಿಸಬಹುದು. ಕಥೆಯು ಆಂಗ್ಲರ ಆಳ್ವಿಕೆಯ ಭಾರತದಲ್ಲಿ ನಡೆಯುತ್ತದೆ. ನೀಲಕಂಠನೆಂಬ ಬ್ರಾಹ್ಮಣಪುರೋಹಿತನ ಮಗಳು ಲಕ್ಮೇ. ಆಕೆಯ ಸಖಿ ಮಲ್ಲಿಕಾ. ಜೆರಾಲ್ಡ್ ಎಂಬ ಆಂಗ್ಲ ಸೈನ್ಯಾಧಿಕಾರಿಯು ಅವರ ಆಶ್ರಮದ ತೋಟವನ್ನು ಪ್ರವೇಶಿಸಿ ಲಕ್ಮೇಯಲ್ಲಿ ಅನುರಕ್ತನಾಗುತ್ತಾನೆ. ಕುಪಿತನಾದ ತಂದೆಯು, ಒಳನುಗ್ಗಿದವನು ಯಾರೆಂದು ತಿಳಿಯುವುದಕ್ಕಾಗಿ, ಮಗಳಿಂದ ಸಂತೆಯಲ್ಲಿ ಹಾಡಿಸುತ್ತಾನೆ. ಹಾಡನ್ನು ಕೇಳಿ ಮುಂದೆ ಬಂದವನನ್ನು ಗುರುತಿಸಿ ಇರಿಯುತ್ತಾನೆ. ಲಕ್ಮೇ ಅವನನ್ನು ಶುಶ್ರೂಷೆಮಾಡಿ ಬದುಕಿಸಿಕೊಂಡರೂ, ಅವನ ಮನಸ್ಸು ಸೈನ್ಯದ ಕಡೆಗೇ ತಿರುಗಿತೆಂದು ತಿಳಿದಾಗ ದತ್ತೂರದ ಎಲೆಯನ್ನು ತಿಂದು ಪ್ರಾಣಬಿಡುತ್ತಾಳೆ.

ಈ ಕಥೆಯಲ್ಲಿ ಬರುವ ಹೆಸರುಗಳನ್ನು ಪರೀಕ್ಷಿಸುವುದು ವಿನೋದಕರವಾಗಿದೆ. ನೀಲಕಂಠ, ಮಲ್ಲಿಕಾ ಎಂಬಿವು ಶುದ್ಧರೂಪದಲ್ಲಿಯೇ ಇವೆ. ಆದರೆ ಪುರೋಹಿತನ ಮನೆಯ ಸೇವಕನಿಗೆ ಹಾಜಿ ಎಂದು ಹೆಸರು! ಮಕ್ಕಾಯಾತ್ರೆಯನ್ನು ಪೂರೈಸಿದ ಮಹಮ್ಮದೀಯನಿಗೆ ಸಲ್ಲತಕ್ಕ ಬಿರುದು ವೈದಿಕಗೃಹದಲ್ಲಿ ಹೇಗೆ ಬಂದಿತೆಂದು ಯಾರೂ ಕೇಳಿದಂತಿಲ್ಲ. ಇದು ಆ ಕಾಲದ ಫ್ರೆಂಚ್ ರಂಗಭೂಮಿಯ ರೀತಿ. 1863ರಲ್ಲಿ ಬಿಝೇ ಎಂಬುವನು ಸಿಂಹಳದ ಮುತ್ತುಗಾರರನ್ನು ಕುರಿತು ರಚಿಸಿದ ಗೀತನಾಟಕದಲ್ಲಿ ಬ್ರಹ್ಮನನ್ನು ಸೇವಿಸುವ ಕನ್ಯೆಗೆ ಲೈಲಾ ಎಂಬ ಅರಬ್ಬೀ ನಾಮವನ್ನಿಟ್ಟಿದ್ದಾರೆ. ಪೂರ್ವದೇಶವೆಂದರೆ ಎಲ್ಲವೂ ಒಂದೇ ಎಂಬ ಭಾವನೆ ಇದಕ್ಕೆ ಕಾರಣ.

ಹಾಗಾದರೆ ಲಕ್ಮೇ ಎಂಬುದೂ ಇಂತಹ ಅಜ್ಞಾನದ ಫಲವೇ? ಅಲ್ಲವೆಂದು ಹೇಳಲು ಸಾಧನವುಂಟು. ಪ್ಯಾರಿಸ್ ನಗರದ ಕೊಲೇಜ್ ದ ಫ್ರಾನ್ಸ್ ವಿದ್ಯಾಪೀಠದಲ್ಲಿ 1814ರಲ್ಲಿಯೇ ಸಂಸ್ಕೃತಕ್ಕೆ ಪ್ರತ್ಯೇಕ ಪೀಠವು ಸ್ಥಾಪಿತವಾಗಿದ್ದಿತು. ಶೆಝೀ ಎಂಬ ಪಂಡಿತನು 1830ರಲ್ಲಿ ಶಾಕುಂತಲವನ್ನು ಮೂಲದಿಂದ ಪರಿವರ್ತಿಸಿದನು. ಬುರ್ನೂಫ್ ಎಂಬುವನ ಭಾಗವತದ ಅನುವಾದವು 1840ರಿಂದ ಪ್ರಕಟವಾಗತೊಡಗಿತು. ಲಕ್ಷ್ಮಿಯ ಶುದ್ಧನಾಮವು ಫ್ರೆಂಚ್ ವಿದ್ಯಾವಂತರಿಗೆ ದುರ್ಲಭವಾಗಿರಲಿಲ್ಲ. ಇದೇ ಗೀತನಾಟಕದ ಆರಂಭದ ಪ್ರಾರ್ಥನೆಯಲ್ಲಿ ದುರ್ಗೆ, ಶಿವ, ಗಣೇಶರ ಹೆಸರುಗಳು ಸರಿಯಾಗಿಯೇ ಬಂದಿವೆ. ಮಿಕ್ಕ ದೇವತೆಗಳನ್ನು ಸರಿಯಾಗಿ ಕರೆದವರು ನಾಯಿಕೆಯ ಹೆಸರನ್ನು ಮಾತ್ರ ಮಾರ್ಪಡಿಸಿದರೆಂದರೆ, ಅದು ತಿಳಿಯದೆ ಮಾಡಿದುದಲ್ಲ, ಬೇಕೆಂದೇ ಮಾಡಿದುದು. ಏಕೆ ಮಾಡಿದರೆಂಬುದನ್ನು ಶಬ್ದವೇ ಹೇಳುತ್ತದೆ; ಅದಕ್ಕೆ ಮೊದಲು ಶಬ್ದದ ಅರ್ಥವನ್ನು ನೋಡೋಣ.

ಲಕ್ಷ್ಮೀ ಎಂಬುದು ‘ಲಕ್ಷ’ ಧಾತುವಿನಿಂದ ಹುಟ್ಟಿದುದು. ನೋಡುವುದು, ಗುರುತುಮಾಡುವುದು ಎಂಬುದು ಆ ಧಾತುವಿನ ಅರ್ಥ. ಅದರ ಮೇಲೆ ಉಣಾದಿಯ ಈ ಪ್ರತ್ಯಯವೂ ನಡುವೆ ಮಕಾರದ ಆಗಮವೂ ಆಗಿ ಶಬ್ದವು ಸಿದ್ಧಿಸುತ್ತದೆ. ಈ ಈಕಾರವು ಸ್ತ್ರೀಪ್ರತ್ಯಯವಲ್ಲವಾದುದರಿಂದಲೇ ಗೌರೀ, ನದೀ ಎಂಬ ಶಬ್ದಗಳಂತೆ ಪ್ರಥಮೈಕವಚನದಲ್ಲಿ ವಿಭಕ್ತಿಯು ಲೋಪವಾಗದೆ, ಲಕ್ಷ್ಮೀಃ ಎಂದು ವಿಸರ್ಗವು ನಿಲ್ಲುತ್ತದೆ. ಪಾಠಶಾಲೆಯಲ್ಲಿ ಪ್ರತಿಯೊಬ್ಬ ವಿದ್ಯಾರ್ಥಿಯೂ ಒಮ್ಮೆಯಾದರೂ ಎಡವುವ ಸ್ಥಳವಿದು.

ಆದುದರಿಂದ ಲಕ್ಷ್ಮೀ ಎಂದರೆ ಮೊದಲಲ್ಲಿ ಐಶ್ವರ್ಯವಲ್ಲ, ‘ಗುರುತು’. ಋಗ್ವೇದದಲ್ಲಿ ಈ ಶಬ್ದವು ಒಮ್ಮೆ ಮಾತ್ರ, ಹತ್ತನೆಯ ಮಂಡಲದ ಎಪ್ಪತ್ತೊಂದನೆಯ ಸೂಕ್ತದಲ್ಲಿ ಬಂದಿದೆ. ಅಲ್ಲಿ ಅದು ಜ್ಞಾನಿಗಳ ಮಾತಿನಲ್ಲಿ ನೆಲಸಿದ ಮಂಗಳಚಿಹ್ನವನ್ನು ಹೇಳುತ್ತದೆ. ಅಥರ್ವವೇದದಲ್ಲಿ ಮನುಷ್ಯನ ಶರೀರದೊಡನೆಯೇ ನೂರೊಂದು ಲಕ್ಷ್ಮಿಯರು ಹುಟ್ಟುವರೆಂದೂ, ಅವರಲ್ಲಿ ಕೆಟ್ಟವರು ತೊಲಗಿ ಒಳ್ಳೆಯವರು ಉಳಿಯಲೆಂದೂ ಪ್ರಾರ್ಥನೆಯಿದೆ. ಪಾಪಲಕ್ಷ್ಮಿ ಎಂಬ ಮಾತು ಇಂದಿನವರ ಕಿವಿಗೆ ವಿರುದ್ಧವೆಂದು ತೋರಿದರೂ ಆಗ ಅದಕ್ಕೆ ಅವಕಾಶವಿದ್ದಿತು. ವಾಜಸನೇಯಿಸಂಹಿತೆಯಲ್ಲಿ ಶ್ರೀ ಎಂಬವಳೂ ಲಕ್ಷ್ಮೀ ಎಂಬವಳೂ ಬೇರೆಬೇರೆ ಇಬ್ಬರು ಪತ್ನಿಯರಾಗಿದ್ದಾರೆ. ಗುರುತು, ಅದೃಷ್ಟದ ಗುರುತು, ಅದೃಷ್ಟ, ಸಂಪತ್ತು, ಸಂಪತ್ತಿನ ಅಧಿದೇವತೆ ಎಂಬ ಕ್ರಮದಿಂದ ಅರ್ಥವು ಬೆಳೆದುಬಂದಿತು. ಪ್ಯಾರಿಸ್ಸಿನ ಕಥೆಯಲ್ಲಿ ಅಪರಿಚಿತನನ್ನು ಗುರುತಿಸುವುದಕ್ಕಾಗಿ ತಂದೆಯು ಮಗಳನ್ನೇ ಸಾಧನವಾಗಿ ಮಾಡಿಕೊಂಡನಷ್ಟೆ. ಇದು ಧಾತ್ವರ್ಥಕ್ಕೆ ಸೊಗಸಾಗಿ ಹೊಂದಿದರೂ ಕಾಕತಾಳೀಯವೇ ಹೊರತು ಕವಿಗಳು ಉಣಾದಿಯನ್ನು ನೋಡಿ ಬರೆದುದಲ್ಲ.

ಇನ್ನು ರೂಪವಿಚಾರ. ಕ್ಷ್ಮ ಎಂಬುದು ಮೂರು ವ್ಯಂಜನಗಳ ಒತ್ತು. ಇದನ್ನು ಉಚ್ಚರಿಸುವುದು ಸಂಸ್ಕೃತದ ಅಭ್ಯಾಸವಿಲ್ಲದ ಯಾವ ನಾಲಗೆಗೂ ಕಷ್ಟ. ಪಾಲಿಯಲ್ಲಿ ಅದು ಲಕ್ಖೀ, ಪ್ರಾಕೃತದಲ್ಲಿ ಲಚ್ಛೀ ಎಂದಾಯಿತು. ಕನ್ನಡವು ಎರಡು ಮಾರ್ಗಗಳನ್ನು ಹಿಡಿಯಿತು. ಮೊದಲನೆಯದು, ಷಕಾರಮಕಾರಗಳೆರಡನ್ನೂ ಬಿಟ್ಟು ಉಳಿದ ವ್ಯಂಜನವನ್ನು ದ್ವಿತ್ವಮಾಡುವುದು: ಲಕ್ಕಿ, ಲಕ್ಕಮ್ಮ, ಲಕ್ಕವ್ವ, ಚಕಾರದ ಪಕ್ಷದಲ್ಲಿ ಲಚ್ಚಿ, ಲಚ್ಚಮ್ಮ. ಅಕ್ಷರವು ಅಕ್ಕರವಾದಂತೆ, ರಾಕ್ಷಸನು ರಕ್ಕಸನಾದಂತೆ ಇದೂ ಆಯಿತು. ಎರಡನೆಯದು, ನಡುವೆ ಸ್ವರವೊಂದನ್ನು ತಂದು ಒತ್ತನ್ನು ಬಿಡಿಸುವುದು: ಲಕುಮಿ, ಲಚುಮಿ. ಹರಿದಾಸರ ಪದಗಳಲ್ಲಿ ಲಕುಮಿ ಎಂಬ ರೂಪವು ಹೇರಳವಾಗಿ ದೊರೆಯುವುದೆಂಬುದು ವಾಚಕರಿಗೆ ತಿಳಿದೇ ಇದೆ.

ಈಗ ಲಕುಮಿ, ಲಕ್ಮೇ ಎಂಬೆರಡನ್ನೂ ಒಟ್ಟಿಗಿಟ್ಟು ನೋಡಬೇಕು. ಎರಡರಲ್ಲಿಯೂ ಷಕಾರವು ಲುಪ್ತವಾಗಿದೆ. ಎರಡರಲ್ಲಿಯೂ ಲಕಾರ ಕಕಾರ ಮಕಾರಗಳು ಅದೇ ಕ್ರಮದಲ್ಲಿ ಉಳಿದಿವೆ. ಕನ್ನಡವು ನಡುವೆ ಉಕಾರವನ್ನು ತಂದಿತು; ಫ್ರೆಂಚಿಗೆ ಅದು ಬೇಕಾಗಲಿಲ್ಲ. ಸಮುದ್ರಗಳಾಚೆಯ ಈ ಎರಡು ಭಾಷೆಗಳು ಒಂದನ್ನೊಂದು ನೋಡದೆ ಒಂದೇ ವ್ಯಂಜನವನ್ನು ಬಿಟ್ಟು ಅವೇ ವ್ಯಂಜನಗಳನ್ನು ಉಳಿಸಿಕೊಂಡುದಕ್ಕೆ ಕಾರಣವು ಒಂದೇ ಎಂದು ನನ್ನ ಅಭಿಪ್ರಾಯ: ಎರಡೂ ಹಾಡುವುದಕ್ಕಾಗಿ ಆದ ರೂಪಗಳು. ತಾಳದಲ್ಲಿ ಕೂರಿಸಬೇಕಾದ ದಾಸರಿಗೂ ಗಾಯಕಿಯ ಕೊರಳಿಗೆ ಕೊಡಬೇಕಾದ ದೆಲಿಬನಿಗೂ ಕ್ಷ್ಮ ಎಂಬ ಒತ್ತು ಸಮಾನವಾದ ತೊಡಕು. ಲಕ್ಕಮ್ಮ ಎಂಬುದು ಕೂಗುವ ಹೆಸರು. ಲಕುಮಿ ಎಂಬುದು ಹಾಡುವ ಹೆಸರು. ಲಕ್ಮೇ ಎರಡನೆಯ ಜಾತಿಗೆ ಸೇರಿದುದು.

ಕೊನೆಯ ಏಕಾರವು ಎಲ್ಲಿಂದ ಬಂದಿತೆಂಬುದು ಉಳಿದ ಪ್ರಶ್ನೆ. ಫ್ರೆಂಚರಲ್ಲಿ ಕ್ಲೋಯೇ, ಝೋಯೇ, ದಾಫ್ನೇ ಎಂಬ ಸ್ತ್ರೀನಾಮಗಳಿವೆ; ಇವು ಗ್ರೀಕ್ ಭಾಷೆಯ ಏಕಾರಾಂತ ಸ್ತ್ರೀಲಿಂಗಶಬ್ದಗಳು. ಗ್ರೀಕರ ಆ ಏಕಾರವು ನಮ್ಮ ಸಂಸ್ಕೃತದ ಆಕಾರಾಂತ ಸ್ತ್ರೀಲಿಂಗಕ್ಕೆ ಸಮಾನವಾದುದೆಂದು ಶಬ್ದಶಾಸ್ತ್ರಜ್ಞರು ತೋರಿಸಿಕೊಟ್ಟಿದ್ದಾರೆ. ಕನ್ನಡದಲ್ಲಿಯೂ ಮಾಲಾ ಎಂಬುದು ಮಾಲೆಯಾಗಿ, ಸೀತಾ ಎಂಬುದು ಸೀತೆಯಾಗಿ ಎಕಾರಾಂತವಾಗುತ್ತದೆಯಷ್ಟೆ. ಆದರೆ ಕನ್ನಡದಲ್ಲಿ ಈಕಾರಾಂತವು ಹ್ರಸ್ವವಾಗಿ ಗೌರಿ, ಲಕ್ಷ್ಮಿ ಎಂದು ನಿಲ್ಲುವುದೇ ಹೊರತು ಎಕಾರಾಂತವಾಗದು. ಫ್ರೆಂಚ್ ಕವಿಗಳು ಈಕಾರಾಂತವನ್ನು ಕ್ಲೋಯೇ ಝೋಯೇಗಳ ಪಂಕ್ತಿಯಲ್ಲಿ ಕೂರಿಸಿದರು. ಕನ್ನಡದವನೊಬ್ಬನು ‘ಲಕ್ಷ್ಮೆ’ ಎಂದರೆ ಹೇಗೋ ಹಾಗೆ. ಅವರ ಕಿವಿಗೆ ಇದರಿಂದ ಹೆಸರು ಪರದೇಶದ್ದಾಗಿಯೂ ಪರಿಚಿತವಾಗಿಯೂ ಕೇಳಿಸಿತು.

ಮನುಸ್ಮೃತಿಯಲ್ಲಿ ಹೆಣ್ಣಿನ ಹೆಸರು ಸುಖವಾಗಿ ಉಚ್ಚರಿಸತಕ್ಕುದಾಗಿಯೂ, ಸ್ಪಷ್ಟಾರ್ಥವುಳ್ಳುದಾಗಿಯೂ, ಮಂಗಳಕರವಾಗಿಯೂ, ದೀರ್ಘಾಂತವಾಗಿಯೂ ಇರಬೇಕೆಂದು ವಿಧಿಸಿದೆ. ಲಕ್ಮೇ ಎಂಬುದು ಉಚ್ಚಾರಸುಖದಲ್ಲಿ ಮೂಲವನ್ನೇ ಮೀರಿಸುತ್ತದೆ; ಸಂಸ್ಕೃತದಲ್ಲಿ ಏಕಾರವು ಯಾವಾಗಲೂ ದೀರ್ಘವಾದುದರಿಂದ ಕೊನೆಯ ನಿಯಮಕ್ಕೂ ಲೋಪವಿಲ್ಲ. ಸ್ಪಷ್ಟಾರ್ಥತೆಯೊಂದು ಮಾತ್ರ ಹೋಯಿತು.

ಅರ್ಥವು ಮರೆಯಾದ ಶಬ್ದಕ್ಕೆ ಜನರು ಹೊಸ ಅರ್ಥವನ್ನು ಹುಡುಕುವುದು ಸ್ವಾಭಾವಿಕ. ತುಟಿಗೆ ಹಚ್ಚುವ ಬಣ್ಣದ ಮುದ್ರೆಯಾದುದರಿಂದ, ಅಧರಕ್ಕೂ ಪಾದಕ್ಕೂ ಪೂರ್ವಕಾಲದಲ್ಲಿ ಲೇಪಿಸುತ್ತಿದ್ದ ಲಾಕ್ಷಾರಸದಿಂದ ಈ ಹೆಸರು ಬಂದಿತೆಂದು ಯಾರಾದರೂ ವಾದಿಸಬಹುದು. ಈ ವಾದವು ನಿಲ್ಲಲಾರದು. ಲಾಕ್ಷಾಶಬ್ದದಲ್ಲಿ ಮಕಾರವಿಲ್ಲ, ಇಲ್ಲದ ಮಕಾರವು ಲಕ್ಮೇಯಲ್ಲಿ ಬರುವುದಕ್ಕೆ ಯಾವ ನಿಯಮವೂ ಇಲ್ಲ. ಅಲ್ಲದೆ, ಟಾಟಾ ಎಣ್ಣೆಯ ಕಾರ್ಖಾನೆಯವರು 1952ರಲ್ಲಿ ಆ ಅಂಗರಾಗಸಂಸ್ಥೆಯನ್ನು ಆರಂಭಿಸಿದಾಗ ಹೆಸರನ್ನು ತೆಗೆದುಕೊಂಡದ್ದು ಫ್ರೆಂಚ್ ಗೀತನಾಟಕದಿಂದಲೇ. ಹೀಗೆ ಪ್ಯಾರಿಸ್ಸಿಗೆ ಹೋದ ಲಕ್ಷ್ಮಿ ಸುಮಾರು ಎಪ್ಪತ್ತು ವರ್ಷಗಳ ಮೇಲೆ ವೇಷಮರೆಸಿಕೊಂಡು ತವರಿಗೆ ಬಂದಳು.

ನಾಟಕವು ಅಷ್ಟು ಜನಪ್ರಿಯವಾಗಿದ್ದರೂ ಹೆಸರು ಫ್ರಾನ್ಸಿನಲ್ಲಿ ಏಕೆ ಹರಡಲಿಲ್ಲವೆಂದರೆ, ಅದಕ್ಕೆ ರಾಜಶಾಸನವು ಮುಖ್ಯಕಾರಣವಾಗಿರಬೇಕು. 1803ರ ಕಾಯಿದೆಯಂತೆ, ಪಂಚಾಂಗಗಳಲ್ಲಿ ಬರುವ ಹೆಸರುಗಳನ್ನೂ ಪ್ರಾಚೀನಚರಿತ್ರೆಯ ಪ್ರಸಿದ್ಧಪುರುಷರ ಹೆಸರುಗಳನ್ನೂ ಬಿಟ್ಟು ಬೇರೆ ಹೆಸರನ್ನು ಶಿಶುಗಳಿಗೆ ಬರೆಯಿಸುವಂತಿರಲಿಲ್ಲ. ಅವರ ಪಂಚಾಂಗವೆಂದರೆ ಕ್ರೈಸ್ತಸಂತರ ದಿನಗಳ ಪಟ್ಟಿ. ಅದರಲ್ಲಿ ವಿಷ್ಣುಪತ್ನಿಗೆ ಸ್ಥಳವೆಲ್ಲಿಯದು? ಈ ನಿರ್ಬಂಧವು 1966ರಲ್ಲಿ ಸಡಿಲವಾಗಿ, 1993ರ ಕಾಯಿದೆಯಿಂದ ಬಹುಮಟ್ಟಿಗೆ ನೀಗಿತು.

ಆದರೆ ಫ್ರೆಂಚ್ ರಾಜ್ಯದೊಳಗೆ ಲಕ್ಷ್ಮಿಯು ಇನ್ನೊಂದು ಬಾಗಿಲಿನಿಂದ ಮೊದಲೇ ಪ್ರವೇಶಿಸಿದ್ದಳು. 1848ರಲ್ಲಿ ದಾಸ್ಯಪದ್ಧತಿಯು ನಿಂತ ಮೇಲೆ, ಫ್ರೆಂಚರ ದ್ವೀಪಗಳ ಕಬ್ಬಿನ ತೋಟಗಳಿಗೆ ಪುದುಚೇರಿ ಕಾರೈಕಾಲುಗಳ ರೇವುಗಳಿಂದ ಕೂಲಿಗಳನ್ನು ಸಾಗಿಸಿದರು. ಮಾರ್ತಿನೀಕ್ ದ್ವೀಪಕ್ಕೆ 1853ರಲ್ಲಿಯೂ ಗ್ವಾದೆಲೂಪ್ ದ್ವೀಪಕ್ಕೆ 1854ರಲ್ಲಿಯೂ ಮೊದಲ ಹಡಗು ತಲುಪಿತು. ಅಲ್ಲಿಯ ಅವರ ಸಂತತಿಯಲ್ಲಿ ಲಾಚುಮಿ, ಲಾಚಿಮಿ ಎಂಬ ಕುಲನಾಮಗಳು ಇಂದಿಗೂ ಇವೆ. ತಮಿಳಿನ ಬಾಯಿಂದ ಬಂದ ಶಬ್ದವನ್ನು ಫ್ರೆಂಚ್ ಗುಮಾಸ್ತನು ಕೇಳಿದಂತೆ ಬರೆದುಕೊಂಡ ರೂಪವಿದು. ನಮ್ಮ ಲಚುಮಿಗೆ ಒಡಹುಟ್ಟು. ಒಂದೇ ಭಾಷೆಯಲ್ಲಿ ಒಂದೇ ದೇವಿಯ ಹೆಸರು ರಂಗದ ದೀಪದಲ್ಲಿ ಲಕ್ಮೇ ಎಂದೂ ಕೂಲಿಪಟ್ಟಿಯಲ್ಲಿ ಲಾಚುಮಿ ಎಂದೂ ದಾಖಲಾಯಿತು. ಪ್ರೇಕ್ಷಕರಲ್ಲಿ ಎಷ್ಟು ಜನಕ್ಕೆ ಇವೆರಡರ ಸಂಬಂಧವು ಹೊಳೆದಿದ್ದೀತು?

ನಮ್ಮಲ್ಲಿಯೂ ಇಂತಹ ಭೇದವು ಇಲ್ಲದಿಲ್ಲ. ಅಜ್ಜಿಯ ಹೆಸರಾದ ಲಕ್ಕಮ್ಮ ಎಂಬುದನ್ನು ಶಾಲೆಯ ದಾಖಲೆಯಲ್ಲಿ ಲಕ್ಷ್ಮಿ ಎಂದು ‘ತಿದ್ದಿ’ ಬರೆಯುವುದನ್ನು ನಾನು ಕಂಡಿದ್ದೇನೆ. ತಿದ್ದಿದವರು ಕನ್ನಡವನ್ನೇ ಬೋಧಿಸುವವರು. ಅಕ್ಕರ, ರಕ್ಕಸ ಎಂಬಿವುಗಳನ್ನು ಕಾವ್ಯಪಾಠದಲ್ಲಿ ತದ್ಭವಗಳೆಂದು ಆದರದಿಂದ ವಿವರಿಸಿ, ಎದುರಿಗೆ ಕುಳಿತ ಹುಡುಗಿಯ ಹೆಸರನ್ನು ಅಪಶಬ್ದವೆಂದು ಭಾವಿಸುವುದು ವಿಚಿತ್ರ. ಹನ್ನೆರಡನೆಯ ಶತಮಾನದ ವಚನಕಾರ್ತಿಯಾದ ಆಯ್ದಕ್ಕಿ ಲಕ್ಕಮ್ಮನ ಹೆಸರು ಇದೇ ಅಲ್ಲವೇ? ಪತಿಯಾದ ಮಾರಯ್ಯನು ಒಂದು ದಿನ ಅವಶ್ಯಕ್ಕಿಂತ ಹೆಚ್ಚು ಅಕ್ಕಿಯನ್ನು ಆಯ್ದುತಂದಾಗ ಅದನ್ನು ಹಿಂದಕ್ಕೆ ಸುರಿದುಬರುವಂತೆ ಕಳುಹಿದವಳೆಂದು ಪರಂಪರೆಯು ಹೇಳುವುದು ಈಕೆಯನ್ನೇ. ಸಂಪತ್ತಿನ ಅಧಿದೇವತೆಯ ಹೆಸರನ್ನು ಹೊತ್ತು ಸಂಚಯವನ್ನು ನಿರಾಕರಿಸಿದ ಈ ಶರಣೆಯನ್ನು ಲಕ್ಷ್ಮಮ್ಮ ಎಂದು ತಿದ್ದಲು ಯಾರೂ ಧೈರ್ಯಮಾಡಲಾರರು.

ಬೆಂಗಳೂರಿನ ದಕ್ಷಿಣಭಾಗದ ಊರುಗಳ ಹೆಸರುಗಳೇ ಈ ಪ್ರಕ್ರಿಯೆಗೆ ಉದಾಹರಣೆಗಳಾಗಿವೆ. ಬ್ರಹ್ಮನು ಬೊಮ್ಮನಾಗಿ ಬೊಮ್ಮನಹಳ್ಳಿಯೂ, ಕೆರೆಯೆಂಬರ್ಥದ ಸಮುದ್ರವು ಸಂದ್ರವಾಗಿ ಬೊಮ್ಮಸಂದ್ರ, ಸಿಂಗಸಂದ್ರಗಳೂ ಆದುವು. ಕೆಂಪೇಗೌಡನ ಕೋಟೆಯ ದಕ್ಷಿಣದ ಬಾಗಿಲು ನಿಲ್ಲುವುದಕ್ಕಾಗಿ ಪ್ರಾಣವನ್ನು ಕೊಟ್ಟಳೆಂದು ಐತಿಹ್ಯವುಳ್ಳ ಅವನ ಸೊಸೆ ಲಕ್ಷ್ಮಮ್ಮನ ಸಮಾಧಿಯನ್ನು ಕೋರಮಂಗಲದಲ್ಲಿ ತೋರಿಸುತ್ತಾರೆ. ಅಲ್ಲಿಗೆ ಸಮೀಪದಲ್ಲಿಯೇ ಲಕ್ಕಸಂದ್ರವಿದೆ. ಈ ಸಾಮೀಪ್ಯವನ್ನು ನೋಡಿ ಎರಡನ್ನೂ ಕೂಡಲೇ ಗಂಟುಹಾಕುವುದು ಸಾಧುವಲ್ಲ. ಲಕ್ಕ ಎಂಬುದು ಲಕ್ಷ್ಮಿಯ ತದ್ಭವವಾಗಬಹುದಾದಂತೆ ಲಕ್ಷ್ಮಣನ ತದ್ಭವವೂ ಆಗಬಹುದು. ಶಿವತತ್ತ್ವಚಿಂತಾಮಣಿಯ ಕರ್ತೃವಾದ ಲಕ್ಕಣ್ಣದಂಡೇಶನ ಹೆಸರನ್ನು ನೋಡಿರಿ. ಲಕ್ಷ್ಮಣಶಬ್ದವಾದರೂ ಗುರುತೆಂಬರ್ಥದ ಲಕ್ಷ್ಮನ್ ಎಂಬುದರಿಂದಲೇ ಹುಟ್ಟಿದುದು.