ಮೈಬಣ್ಣ, ಮೈಕಟ್ಟು ಮತ್ತು ಮನಸ್ಸು

2025ರ ಮಾರ್ಚ್ ತಿಂಗಳ ಕೊನೆಯ ವಾರದಲ್ಲಿ ಕೇರಳ ಸರ್ಕಾರದ ಅಂದಿನ ಮುಖ್ಯ ಕಾರ್ಯದರ್ಶಿ ಶ್ರೀಮತಿ ಶಾರದಾ ಮುರಳೀಧರನ್ ಅವರು ಸಾಮಾಜಿಕ ಜಾಲತಾಣದಲ್ಲಿ ಒಂದು ಬರಹವನ್ನು ಪ್ರಕಟಿಸಿದರು. ತಿರುವನಂತಪುರದ ಸಚಿವಾಲಯದಲ್ಲಿ ಅವರಿಗಿಂತ ಮೊದಲು ಅದೇ ಹುದ್ದೆಯಲ್ಲಿದ್ದವರು ಅವರ ಪತಿ ಶ್ರೀ ವಿ. ವೇಣು. 2024ರ ಆಗಸ್ಟ್ ಅಂತ್ಯದಲ್ಲಿ ಪತಿ ನಿವೃತ್ತರಾದಾಗ ಪತ್ನಿ ಅಧಿಕಾರ ವಹಿಸಿಕೊಂಡಿದ್ದರು. ಪತಿಯ ಆಡಳಿತ ಎಷ್ಟು ಬೆಳ್ಳಗಿತ್ತೋ ಪತ್ನಿಯ ಆಡಳಿತ ಅಷ್ಟೇ ಕಪ್ಪಗಿದೆ ಎಂದು ಯಾರೋ ಒಬ್ಬರು ಆಡಿದ ಮಾತು ಆ ಬರಹಕ್ಕೆ ಕಾರಣವಾಗಿತ್ತು. ಮಾತು ಆಡಳಿತವನ್ನು ಕುರಿತದ್ದೆಂದು ತೋರಿದರೂ ಅದರ ಮೊನೆ ಇದ್ದುದು ಅವರ ಮೈಬಣ್ಣದ ಕಡೆಗೆ.

ತಮಗೆ ನಾಲ್ಕು ವರ್ಷವಾಗಿದ್ದಾಗ, ಮತ್ತೆ ಗರ್ಭದೊಳಗೆ ಇಟ್ಟು ಬೆಳ್ಳಗೆ, ಚೆಂದವಾಗಿ ಹೊರತರಲು ಸಾಧ್ಯವೇ ಎಂದು ತಾಯಿಯನ್ನು ಕೇಳಿದ್ದನ್ನು ಅವರು ಆ ಬರಹದಲ್ಲಿ ನೆನೆದಿದ್ದರು. ಸಾಲದ ಬಣ್ಣದವಳೆಂಬ ಭಾವನೆಯ ಅಡಿಯಲ್ಲಿಯೇ ಐವತ್ತಕ್ಕೂ ಹೆಚ್ಚು ವರ್ಷ ಕಳೆದುದನ್ನೂ ಹೇಳಿಕೊಂಡಿದ್ದರು. ಕುಟುಂಬಶ್ರೀಯಂತಹ ಬೃಹತ್ ಮಹಿಳಾ ಸಂಘಟನೆಯನ್ನು ವರ್ಷಗಟ್ಟಲೆ ಮುನ್ನಡೆಸಿ, ರಾಜ್ಯದ ಅತ್ಯುನ್ನತ ಆಡಳಿತ ಹುದ್ದೆಗೆ ಏರಿದ ಅಧಿಕಾರಿಯ ಅನುಭವ ಇದು. ವಿದ್ಯೆ, ಪದವಿ, ಅಧಿಕಾರಗಳಲ್ಲಿ ಯಾವುದೂ ಈ ಕೊರಗಿನಿಂದ ರಕ್ಷಣೆ ನೀಡಲಾರದೆಂಬುದಕ್ಕೆ ಬೇರೆ ನಿದರ್ಶನ ಬೇಕಿಲ್ಲ.

ತನ್ನ ದೇಹದ ಬಣ್ಣ, ತೂಕ, ಎತ್ತರ, ಕೂದಲು, ಮುಖಲಕ್ಷಣ ಮುಂತಾದವುಗಳ ಬಗ್ಗೆ ವ್ಯಕ್ತಿಯ ಮನಸ್ಸಿನಲ್ಲಿ ಮೂಡಿರುವ ಚಿತ್ರವನ್ನು ಮನಶ್ಶಾಸ್ತ್ರಜ್ಞರು ದೇಹಬಿಂಬ ಎಂದು ಕರೆಯುತ್ತಾರೆ. ಈ ಚಿತ್ರಕ್ಕೂ ನಿಜವಾದ ದೇಹಕ್ಕೂ ಹೊಂದಿಕೆ ಇರಲೇಬೇಕೆಂದಿಲ್ಲ. ವಯಸ್ಸಿಗೂ ಎತ್ತರಕ್ಕೂ ತಕ್ಕ ತೂಕವಿರುವ ಹುಡುಗಿ ತಾನು ದಪ್ಪವೆಂದು ನಂಬಿ ಊಟ ಬಿಡಬಹುದು; ಸದೃಢನಾದ ಯುವಕ ತನ್ನ ತೋಳುಗಳು ಕಡ್ಡಿಯಂತಿವೆ ಎಂದು ನಾಚಿ ತುಂಬುತೋಳಿನ ಅಂಗಿಯನ್ನೇ ತೊಡಬಹುದು.

ಎಷ್ಟು ಮಂದಿಯಲ್ಲಿದೆ?

ಇದು ಕೆಲವೇ ಸೂಕ್ಷ್ಮ ಮನಸ್ಸಿನವರ ಸಮಸ್ಯೆ ಎಂಬ ಅಭಿಪ್ರಾಯ ಸರಿಯಲ್ಲ. ಕೇರಳದ ಗಡಿಗೆ ಹೊಂದಿಕೊಂಡಿರುವ ಕೊಯಮತ್ತೂರಿನಲ್ಲಿ 1,200 ಕಾಲೇಜು ವಿದ್ಯಾರ್ಥಿನಿಯರನ್ನು ಕುರಿತು ನಡೆದು 2018ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಪ್ರತಿ ನಾಲ್ವರ ಪೈಕಿ ಮೂವರಿಗಿಂತ ಹೆಚ್ಚು ಮಂದಿ ತಮ್ಮ ದೇಹದ ಬಗ್ಗೆ ಅತೃಪ್ತಿ ಹೊಂದಿದ್ದುದು ಕಂಡುಬಂದಿತು. ಇಷ್ಟೊಂದು ಜನರಲ್ಲಿ ಕಾಣುವ ಈ ಅತೃಪ್ತಿಯನ್ನು ಅಮೆರಿಕದ ಮನಶ್ಶಾಸ್ತ್ರಜ್ಞರು 1984ರಷ್ಟು ಹಿಂದೆಯೇ ಮಹಿಳೆಯರ ಪಾಲಿಗೆ ವಾಡಿಕೆಯೇ ಆಗಿಬಿಟ್ಟ ಅಸಮಾಧಾನ ಎಂದು ವರ್ಣಿಸಿದ್ದರು. ಗಂಡು ಮಕ್ಕಳೂ ಇದಕ್ಕೆ ಹೊರತಲ್ಲ. ಅವರು ಅದನ್ನು ಬಾಯಿಬಿಟ್ಟು ಹೇಳುವುದು ಕಡಿಮೆ, ಅಷ್ಟೆ.

ಅತೃಪ್ತಿ ಇರುವವರೆಲ್ಲರೂ ರೋಗಿಗಳಲ್ಲ ಎಂಬುದನ್ನು ಇಲ್ಲಿಯೇ ಹೇಳಬೇಕು. ಬಹುಮಂದಿ ಕೊರಗನ್ನು ಒಳಗೇ ಇಟ್ಟುಕೊಂಡು ದಿನನಿತ್ಯದ ಕೆಲಸಗಳನ್ನು ನಡೆಸಿಕೊಂಡು ಹೋಗುತ್ತಾರೆ. ಆದರೆ ಸಮಾರಂಭಗಳಿಗೆ ಹೋಗದಿರುವುದು, ಛಾಯಾಚಿತ್ರಕ್ಕೆ ನಿಲ್ಲದಿರುವುದು, ಆಟೋಟ, ನೃತ್ಯಗಳಿಂದ ಹಿಂದೆ ಸರಿಯುವುದು, ತರಗತಿಯಲ್ಲಿ ಎದ್ದುನಿಂತು ಉತ್ತರ ಹೇಳಲು ಅಳುಕುವುದು ಮುಂತಾದ ಸಣ್ಣ ಸಣ್ಣ ನಷ್ಟಗಳು ಯಾವ ಲೆಕ್ಕದಲ್ಲಿಯೂ ಸೇರುವುದಿಲ್ಲ.

ಕೊರಗು ಬರುವುದು ಎಲ್ಲಿಂದ?

ಯಾವ ಮಗುವೂ ತನ್ನ ಬಣ್ಣವನ್ನು ದ್ವೇಷಿಸುತ್ತ ಹುಟ್ಟುವುದಿಲ್ಲ. ಮನೆಗೆ ಬಂದ ನೆಂಟರು ತೊಟ್ಟಿಲನ್ನು ಬಗ್ಗಿ ನೋಡಿ ಆಡುವ ಮೊದಲ ಮಾತು ಸಾಮಾನ್ಯವಾಗಿ ಬಣ್ಣವನ್ನು ಕುರಿತದ್ದಾಗಿರುತ್ತದೆ. ಮುಂದೆ ಶಾಲೆಯಲ್ಲಿ ಕರಿಯ, ಡುಮ್ಮಿ, ಕುಳ್ಳ, ನರಪೇತಲ ಎಂಬ ಅಡ್ಡಹೆಸರುಗಳು ಅಂಟಿಕೊಳ್ಳುತ್ತವೆ. ತುಸು ಮೈತುಂಬಿಕೊಂಡವರನ್ನು ಯಾವ ಅಂಗಡಿಯ ಅಕ್ಕಿ ಎಂದು ಕೇಳುವುದು, ತೆಳ್ಳಗಿರುವವರಿಗೆ ಗಾಳಿ ಬಂದರೆ ಹಾರಿಹೋದೀಯೆ ಎನ್ನುವುದು ನಮ್ಮಲ್ಲಿ ಕುಶಲಪ್ರಶ್ನೆಯ ಸ್ಥಾನವನ್ನೇ ಪಡೆದಿವೆ. ಮದುವೆಯ ವಯಸ್ಸು ಬಂದಾಗ ಗೋಧಿಬಣ್ಣ, ಎಣ್ಣೆಗೆಂಪು ಎಂಬ ಪದಗಳು ವಧೂವರರ ಜಾಹೀರಾತಿನಲ್ಲಿ ವಿದ್ಯಾರ್ಹತೆಯ ಪಕ್ಕದಲ್ಲಿಯೇ ಕುಳಿತುಕೊಳ್ಳುತ್ತವೆ. ಈ ವಿಷಯದಲ್ಲಿ ತಿರುವನಂತಪುರಕ್ಕೂ ಕಾಸರಗೋಡಿಗೂ, ಮಂಗಳೂರಿಗೂ ಮೈಸೂರಿಗೂ ಹೇಳಿಕೊಳ್ಳುವಂತಹ ವ್ಯತ್ಯಾಸವಿಲ್ಲ.

ಬಣ್ಣದ ವಿಷಯದಲ್ಲಿ ಪ್ರಕೃತಿಯ ಲೆಕ್ಕಾಚಾರವೇ ಬೇರೆ. ಚರ್ಮಕ್ಕೆ ಕಪ್ಪು ಬಣ್ಣ ಕೊಡುವ ಮೆಲನಿನ್ ಎಂಬ ವಸ್ತು ಸೂರ್ಯನ ಅತಿನೇರಳೆ ಕಿರಣಗಳನ್ನು ಹೀರಿಕೊಂಡು ಒಳಗಿನ ಜೀವಕೋಶಗಳನ್ನು ಕಾಪಾಡುತ್ತದೆ. ಸಮಭಾಜಕ ವೃತ್ತದಿಂದ ಕೇವಲ 8ರಿಂದ 13 ಡಿಗ್ರಿ ಉತ್ತರದಲ್ಲಿರುವ ಕೇರಳದಲ್ಲಿ ಕಪ್ಪು ಚರ್ಮ ದೇಹಕ್ಕೆ ದೊರೆತ ಕೊಡೆಯಿದ್ದಂತೆ. ಹಾಗೆಯೇ, ಹದಿಹರೆಯದಲ್ಲಿ ಹೆಣ್ಣುಮಕ್ಕಳ ಮೈಯಲ್ಲಿ ಕೊಬ್ಬಿನ ಅಂಶ ಹೆಚ್ಚುವುದು ಬೆಳವಣಿಗೆಯ ಲಕ್ಷಣವೇ ಹೊರತು ದೋಷವಲ್ಲ. ಇದನ್ನು ಯಾರೂ ಮೊದಲೇ ತಿಳಿಸಿ ಹೇಳದಿರುವುದರಿಂದ ಎಷ್ಟೋ ಬಾಲಕಿಯರು ತಮ್ಮ ದೇಹವೇ ತಮಗೆ ಎದುರುಬಿದ್ದಿತೆಂದು ಭಾವಿಸುತ್ತಾರೆ.

ಮನೆಯ ಮಾತಿನ ಜೊತೆಗೆ ಪರದೆಯ ಚಿತ್ರಗಳೂ ಕೆಲಸ ಮಾಡುತ್ತವೆ. ಪೆಸಿಫಿಕ್ ಸಾಗರದ ಫಿಜಿ ದ್ವೀಪಗಳಲ್ಲಿ ಮೈತುಂಬಿದ ದೇಹಕ್ಕೆ ಹಿಂದಿನಿಂದಲೂ ಗೌರವವಿತ್ತು. ಅಲ್ಲಿನ ಒಂದು ಪ್ರದೇಶಕ್ಕೆ 1995ರಲ್ಲಿ ದೂರದರ್ಶನ ಬಂದಿತು. ಆ್ಯನ್ ಬೆಕರ್ ಎಂಬ ಸಂಶೋಧಕಿ ಶಾಲಾ ಬಾಲಕಿಯರನ್ನು ಆ ವರ್ಷವೂ 1998ರಲ್ಲಿಯೂ ಪರೀಕ್ಷಿಸಿದರು. ಆಹಾರದ ಬಗ್ಗೆ ಅಸಹಜ ಧೋರಣೆ ತಳೆದವರ ಪ್ರಮಾಣ ಈ ಮೂರು ವರ್ಷಗಳಲ್ಲಿ ಶೇಕಡ 12.7ರಿಂದ 29.2ಕ್ಕೆ ಏರಿತ್ತು. ಇಂದು ಪ್ರತಿಯೊಬ್ಬರ ಅಂಗೈಯಲ್ಲಿರುವ ದೂರವಾಣಿಯು ಅಂದಿನ ದೂರದರ್ಶನಕ್ಕಿಂತ ಹೆಚ್ಚು ಹೊತ್ತು ಚಿತ್ರಗಳನ್ನು ತೋರಿಸುತ್ತದೆ. ಆ ಚಿತ್ರಗಳ ಮುಖದ ಕಲೆಗಳನ್ನು ಅಳಿಸುವ, ಸೊಂಟವನ್ನು ಕಿರಿದಾಗಿಸುವ ಉಪಕರಣವೂ ಅದರಲ್ಲಿಯೇ ಇರುತ್ತದೆ.

ಕೊರಗಿನ ಬೆಲೆ

ಕೊರಗು ಇದ್ದಲ್ಲಿ ಅದನ್ನು ನೀಗಿಸುವೆನೆಂಬ ವ್ಯಾಪಾರವೂ ಹುಟ್ಟಿಕೊಳ್ಳುತ್ತದೆ. ಕೇರಳದ ಕೋಟ್ಟಕ್ಕಲ್‌ನ ಮೂತ್ರಪಿಂಡ ತಜ್ಞರು 2021ರ ಜುಲೈಯಿಂದ 2023ರ ಸೆಪ್ಟೆಂಬರ್‌ವರೆಗೆ ತಮ್ಮಲ್ಲಿಗೆ ಬಂದ, ಮೂತ್ರಪಿಂಡದ ಸೋಸುವ ಪೊರೆ ಹಾಳಾಗಿದ್ದ 22 ರೋಗಿಗಳ ವಿವರಗಳನ್ನು ಪ್ರಕಟಿಸಿದ್ದಾರೆ. ಅವರಲ್ಲಿ 15 ಮಂದಿಗೆ ಒಂದು ಅಪರೂಪದ ಬಗೆಯ ಕಾಯಿಲೆ ಇತ್ತು. ಆ 15 ಮಂದಿಯಲ್ಲಿ 13 ಮಂದಿ ಮೈ ಬೆಳ್ಳಗಾಗಿಸುವ ಕ್ರೀಮು ಬಳಸುತ್ತಿದ್ದರು. ಇಂತಹ ಕ್ರೀಮುಗಳಲ್ಲಿ ಪಾದರಸ ಸೇರಿರುವುದುಂಟು. ಅದು ಮೆಲನಿನ್ ತಯಾರಾಗುವುದನ್ನು ತಡೆಯುವುದರಿಂದ ಕೆಲವೇ ವಾರಗಳಲ್ಲಿ ಮುಖ ತಿಳಿಯಾದಂತೆ ಕಾಣುತ್ತದೆ. ಅದೇ ಪಾದರಸ ಚರ್ಮದ ಮೂಲಕ ರಕ್ತಕ್ಕೆ ಇಳಿದು ಮೂತ್ರಪಿಂಡಗಳಲ್ಲಿ ಸಂಗ್ರಹವಾಗುತ್ತದೆ. ದೇಹಕ್ಕೆ ಬೇಕಾದ ಪ್ರೋಟೀನು ಮೂತ್ರದಲ್ಲಿ ಸೋರಿಹೋಗಿ ಮುಖ, ಕಾಲುಗಳು ಊದಿಕೊಳ್ಳುತ್ತವೆ. ಕ್ರೀಮು ನಿಲ್ಲಿಸಿದ ಮೇಲೆ ಅವರಲ್ಲಿ ಬಹುತೇಕ ಮಂದಿ ಚೇತರಿಸಿಕೊಂಡರೆಂಬುದು ಸಮಾಧಾನದ ಸಂಗತಿ.

ಭಾರತದ ನಿಯಮಗಳ ಪ್ರಕಾರ ಕಣ್ಣಿನ ಅಲಂಕಾರ ಸಾಮಗ್ರಿಗಳನ್ನು ಬಿಟ್ಟು ಉಳಿದ ಸೌಂದರ್ಯ ಸಾಧನಗಳಲ್ಲಿ, ಅದೂ ಉದ್ದೇಶವಿಲ್ಲದೆ ಸೇರಿಕೊಂಡಿದ್ದರೆ ಮಾತ್ರ, ಹತ್ತು ಲಕ್ಷದಲ್ಲಿ ಒಂದು ಭಾಗಕ್ಕಿಂತ ಹೆಚ್ಚು ಪಾದರಸ ಇರಕೂಡದು. ಕೇರಳದ ಔಷಧ ನಿಯಂತ್ರಣ ಇಲಾಖೆಯು 2023ರಲ್ಲಿ ಆರಂಭಿಸಿದ ‘ಆಪರೇಷನ್ ಸೌಂದರ್ಯ’ ಎಂಬ ತಪಾಸಣೆಯ ಮೂರನೆಯ ಹಂತದಲ್ಲಿ ವಶಪಡಿಸಿಕೊಂಡ ಕೆಲವು ಲಿಪ್‌ಸ್ಟಿಕ್ ಮತ್ತು ಮುಖದ ಕ್ರೀಮುಗಳಲ್ಲಿ ಈ ಮಿತಿಯ ಸುಮಾರು 12,000 ಪಟ್ಟು ಪಾದರಸ ಇದ್ದುದಾಗಿ 2025ರಲ್ಲಿ ತಿಳಿಸಲಾಯಿತು. ತಯಾರಕರ ಹೆಸರು, ವಿಳಾಸ, ಪರವಾನಗಿ ಸಂಖ್ಯೆಗಳಿಲ್ಲದ ಡಬ್ಬಿಯನ್ನು ಎಷ್ಟೇ ಅಗ್ಗವಾಗಿ ದೊರೆತರೂ ಕೊಳ್ಳದಿರುವುದು ಕ್ಷೇಮ. ಗಂಡು ಮಕ್ಕಳ ವಿಷಯದಲ್ಲಿ ಇದೇ ಅಪಾಯ ಮತ್ತೊಂದು ರೂಪ ತಾಳುತ್ತದೆ. ಮಾಂಸಖಂಡ ಬೆಳೆಸಲೆಂದು ವೈದ್ಯರ ಚೀಟಿಯಿಲ್ಲದೆ ತೆಗೆದುಕೊಳ್ಳುವ ಸ್ಟೀರಾಯ್ಡ್‌ಗಳು ಯಕೃತ್ತು ಮತ್ತು ಹೃದಯಗಳನ್ನು ಕೆಡಿಸಬಲ್ಲವು.

ಇದಕ್ಕಿಂತಲೂ ದುಃಖಕರವಾದ ಘಟನೆ ನಡೆದುದು ಕಣ್ಣೂರು ಜಿಲ್ಲೆಯಲ್ಲಿ. ದಪ್ಪವಾಗುವ ಭಯದಿಂದ ಊಟ ಬಿಟ್ಟು, ಅಂತರ್ಜಾಲದ ವಿಡಿಯೋಗಳನ್ನು ನೋಡಿ ಕಠಿಣ ಪಥ್ಯ ಅನುಸರಿಸಿದ್ದಳೆನ್ನಲಾದ 18 ವರ್ಷದ ಕಾಲೇಜು ವಿದ್ಯಾರ್ಥಿನಿಯೊಬ್ಬಳು 2025ರ ಮಾರ್ಚ್‌ನಲ್ಲಿ ಆಸ್ಪತ್ರೆಯಲ್ಲಿ ಮೃತಪಟ್ಟಳು. ಆಕೆಗಿದ್ದುದು ಅನೊರೆಕ್ಸಿಯಾ ಎಂಬ ಕಾಯಿಲೆ. ಮಾನಸಿಕ ಕಾಯಿಲೆಗಳಲ್ಲಿ ಅತಿ ಹೆಚ್ಚು ಸಾವುಗಳಿಗೆ ಕಾರಣವಾಗುವವುಗಳಲ್ಲಿ ಇದೂ ಒಂದು. ಇದನ್ನು ಹಟ, ಶೋಕಿ, ಬಿಂಕ ಎಂದು ತಳ್ಳಿಹಾಕಿದರೆ ಅಮೂಲ್ಯವಾದ ಸಮಯ ಕಳೆದುಹೋಗುತ್ತದೆ.

ಯಾವುದರಿಂದ ಪ್ರಯೋಜನವಿದೆ?

ಈ ಅತೃಪ್ತಿಯ ಬಹುಭಾಗ ಸುತ್ತಲಿನ ಮಾತು ಮತ್ತು ಚಿತ್ರಗಳಿಂದ ಕಲಿತದ್ದಾದುದರಿಂದ ಅದನ್ನು ಕಡಿಮೆ ಮಾಡುವ ದಾರಿಯೂ ಅಲ್ಲಿಂದಲೇ ಆರಂಭವಾಗುತ್ತದೆ. 2025ರ ಜನವರಿಯಲ್ಲಿ ಒಬ್ಬ ನಟಿಯ ದೂರಿನಿಂದ ಹುಟ್ಟಿದ ಪ್ರಕರಣದ ಜಾಮೀನು ಅರ್ಜಿಯನ್ನು ಇತ್ಯರ್ಥಗೊಳಿಸುತ್ತ, ಕೊಚ್ಚಿಯಲ್ಲಿರುವ ಕೇರಳ ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿ ಪಿ.ವಿ. ಕುಂಞಿಕೃಷ್ಣನ್ ಅವರು, ದಪ್ಪ, ತೆಳು, ಕುಳ್ಳು, ಉದ್ದ, ಕಪ್ಪು ಎಂದು ಇತರರ ದೇಹವನ್ನು ಕುರಿತು ಟೀಕೆ ಮಾಡುವುದನ್ನು ಎಲ್ಲರೂ ಬಿಡಬೇಕೆಂದು ಹೇಳಿದರು. ನ್ಯಾಯಾಲಯದ ಆದೇಶ ಪ್ರತಿಯೊಂದು ಮನೆಯ ಪಡಸಾಲೆಯನ್ನು ತಲುಪಲಾರದು; ಅಲ್ಲಿ ಹಿರಿಯರೇ ಎಚ್ಚರ ವಹಿಸಬೇಕಾಗುತ್ತದೆ. ಮಗಳ ಎದುರಿನಲ್ಲಿ ತಾಯಿ ತನ್ನ ಹೊಟ್ಟೆಯನ್ನು ತಾನೇ ಹಳಿದುಕೊಳ್ಳುವುದೂ ಮಗಳಿಗೆ ಒಂದು ಪಾಠವೇ. ಅಕ್ಕತಂಗಿಯರ ಬಣ್ಣವನ್ನು ಹೋಲಿಸದಿರುವುದು, ಅಡ್ಡಹೆಸರು ಕೂಗುವವರನ್ನು ಅಲ್ಲಿಯೇ ತಡೆಯುವುದು, ಮಗುವಿನ ಓಟ, ಈಜು, ಕೈಕೆಲಸ, ಹಾಡುಗಳನ್ನು ಗಮನಿಸಿ ಮೆಚ್ಚುವುದು ಇವು ಖರ್ಚಿಲ್ಲದ ಕ್ರಮಗಳು. ದೇಹ ಹೇಗೆ ಕಾಣುತ್ತದೆ ಎಂಬುದರಿಂದ ದೇಹ ಏನು ಮಾಡಬಲ್ಲದು ಎಂಬುದರ ಕಡೆಗೆ ಗಮನ ತಿರುಗಿದಾಗ ಅತೃಪ್ತಿ ಇಳಿಯುತ್ತದೆ.

ಹಾಗಾದರೆ ತೂಕದ ಮಾತನ್ನೇ ಎತ್ತಬಾರದೇ ಎಂಬ ಪ್ರಶ್ನೆ ಸಹಜ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕೇರಳದ 15ರಿಂದ 49 ವರ್ಷದ ಮಹಿಳೆಯರಲ್ಲಿ ಶೇಕಡ 38ರಷ್ಟು ಮಂದಿಯ ತೂಕ ಇರಬೇಕಾದುದಕ್ಕಿಂತ ಹೆಚ್ಚು. ಕರ್ನಾಟಕದಲ್ಲಿ ಈ ಪ್ರಮಾಣ ಶೇಕಡ 30. ಮಧುಮೇಹ, ರಕ್ತದೊತ್ತಡಗಳ ದೃಷ್ಟಿಯಿಂದ ಇದನ್ನು ಕಡೆಗಣಿಸುವಂತಿಲ್ಲ. ಆದರೆ ನಾಚಿಕೆಪಡಿಸುವುದರಿಂದ ತೂಕ ಇಳಿಯುವುದಿಲ್ಲ. ಅವಮಾನಕ್ಕೆ ಒಳಗಾದವರು ವ್ಯಾಯಾಮದ ಸ್ಥಳಗಳಿಂದ ದೂರ ಉಳಿದು, ಗುಟ್ಟಾಗಿ ಹೆಚ್ಚು ತಿನ್ನುವುದೇ ಸಾಮಾನ್ಯ. ತೂಕದ ವಿಷಯವನ್ನು ವೈದ್ಯರು ಖಾಸಗಿಯಾಗಿ, ರಕ್ತಪರೀಕ್ಷೆಯ ಫಲಿತಾಂಶದೊಂದಿಗೆ ಮಾತನಾಡಬೇಕು. ಮನೆಯಲ್ಲಿ ಒಬ್ಬರ ತಟ್ಟೆಯನ್ನು ಮಾತ್ರ ಬದಲಾಯಿಸದೆ ಎಲ್ಲರ ಅಡಿಗೆಯನ್ನೂ ಬದಲಾಯಿಸುವುದು ಒಳ್ಳೆಯದು.

ಶಾಲಾ ಕಾಲೇಜುಗಳಲ್ಲಿ ನಡೆಸಬಹುದಾದ ಚಟುವಟಿಕೆಗಳ ಪೈಕಿ ಹೆಚ್ಚು ಪರೀಕ್ಷೆಗೆ ಒಳಗಾದದ್ದು ಎರಿಕ್ ಸ್ಟೈಸ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞರು ರೂಪಿಸಿದ ಗುಂಪು ಚರ್ಚೆಯ ಕ್ರಮ. ಇದರಲ್ಲಿ ಉಪನ್ಯಾಸವಿಲ್ಲ. ತೆಳ್ಳನೆಯ ದೇಹವೇ ಸೌಂದರ್ಯ ಎಂಬ ಕಲ್ಪನೆಯ ವಿರುದ್ಧ ಹುಡುಗಿಯರೇ ವಾದಿಸುತ್ತಾರೆ, ಕಿರಿಯರಿಗೆ ಪತ್ರ ಬರೆಯುತ್ತಾರೆ, ಪಾತ್ರ ವಹಿಸಿ ಅಭಿನಯಿಸುತ್ತಾರೆ. ತಾವೇ ಆಡಿದ ಮಾತು ತಮ್ಮ ಹಳೆಯ ನಂಬಿಕೆಯೊಡನೆ ಹೊಂದದೆ ಹೋದಾಗ ಆ ನಂಬಿಕೆ ಸಡಿಲವಾಗುತ್ತದೆ. ಹೀಗೆ ತರಬೇತಿ ಪಡೆದವರಲ್ಲಿ ಮೂರು ವರ್ಷಗಳ ಅವಧಿಯಲ್ಲಿ ಆಹಾರಸಂಬಂಧಿ ಮಾನಸಿಕ ಕಾಯಿಲೆಗಳು ಹೊಸದಾಗಿ ಕಾಣಿಸಿಕೊಳ್ಳುವುದು ಶೇಕಡ 60ರಷ್ಟು ಕಡಿಮೆಯಾದುದು 2008ರಲ್ಲಿ ವರದಿಯಾಯಿತು. ಕನ್ನಡ ಮಾಧ್ಯಮದ ಶಾಲೆಯಲ್ಲಿ ಚರ್ಚಾಸ್ಪರ್ಧೆ, ಕಿರುನಾಟಕಗಳ ರೂಪದಲ್ಲಿ ಇದನ್ನು ಅಳವಡಿಸಿಕೊಳ್ಳಲು ಅಡ್ಡಿಯೇನೂ ಇಲ್ಲ.

ಶ್ರೀಮತಿ ಶಾರದಾ ಮುರಳೀಧರನ್ ಅವರ ಮನಸ್ಸು ಬದಲಾದ ಬಗೆಯೂ ಇದಕ್ಕೆ ದೂರವಲ್ಲ. ತಾವು ಕುರೂಪವೆಂದು ಬಗೆದಿದ್ದ ಕಡೆಯಲ್ಲೆಲ್ಲ ಚೆಲುವನ್ನು ಕಂಡು, ಕಪ್ಪನ್ನು ಹೆಮ್ಮೆಯಿಂದ ಮೆಚ್ಚಿದವರು ತಮ್ಮ ಮಕ್ಕಳೆಂದು ಅವರು ಬರೆದಿದ್ದಾರೆ.

ವೈದ್ಯರ ನೆರವು ಯಾವಾಗ?

ಊಟವನ್ನು ಪದೇ ಪದೇ ತಪ್ಪಿಸುವುದು, ಎಲ್ಲರೊಡನೆ ಕುಳಿತು ಉಣ್ಣಲು ಒಪ್ಪದಿರುವುದು, ಊಟವಾದೊಡನೆ ಬಚ್ಚಲಿಗೆ ಹೋಗಿ ವಾಂತಿ ಮಾಡುವುದು, ತೂಕ ವೇಗವಾಗಿ ಇಳಿಯುವುದು, ಮುಟ್ಟು ನಿಲ್ಲುವುದು, ತಲೆಸುತ್ತು, ಸದಾ ಚಳಿ ಎನ್ನುವುದು ಕಂಡುಬಂದರೆ ತಡಮಾಡಬಾರದು. ಬಹಳ ದಿನ ಉಪವಾಸವಿದ್ದವರಿಗೆ ಮನೆಯಲ್ಲಿ ಬಲವಂತವಾಗಿ ಒಮ್ಮೆಲೇ ತಿನ್ನಿಸುವುದು ಕೂಡ ಅಪಾಯಕರ. ರಕ್ತದಲ್ಲಿನ ಲವಣಾಂಶಗಳು ಏರುಪೇರಾಗಿ ಹೃದಯಕ್ಕೆ ಧಕ್ಕೆಯಾಗಬಹುದಾದುದರಿಂದ ಆಹಾರವನ್ನು ವೈದ್ಯರ ನಿಗಾದಲ್ಲಿ ಕ್ರಮೇಣ ಹೆಚ್ಚಿಸಬೇಕು.

ಇತರರ ಕಣ್ಣಿಗೆ ಬೀಳದ, ಇಲ್ಲವೇ ತೀರ ಅಲ್ಪವಾದ ದೋಷವೊಂದನ್ನು ಕುರಿತು ದಿನಕ್ಕೆ ಗಂಟೆಗಟ್ಟಲೆ ಚಿಂತಿಸುತ್ತ, ಕನ್ನಡಿಯನ್ನು ಮತ್ತೆ ಮತ್ತೆ ನೋಡುತ್ತ, ಹೊರಗೆ ಹೋಗುವುದನ್ನೇ ಬಿಡುವವರೂ ಇದ್ದಾರೆ. ನೂರರಲ್ಲಿ ಸುಮಾರು ಇಬ್ಬರಿಗೆ ಬರಬಹುದಾದ ಈ ಕಾಯಿಲೆಗೆ ಸೌಂದರ್ಯ ಶಸ್ತ್ರಚಿಕಿತ್ಸೆಯಿಂದ ಗುಣ ಸಿಗುವುದು ಅಪರೂಪ. ಮೂಗು ಸರಿಹೋದರೆ ಚಿಂತೆ ಗಲ್ಲಕ್ಕೆ ಹೋಗಿ ನಿಲ್ಲುತ್ತದೆ. ಆಲೋಚನೆ ಮತ್ತು ವರ್ತನೆಗಳನ್ನು ತಿದ್ದುವ ಮನೋಚಿಕಿತ್ಸೆಯಿಂದಲೂ ಅಗತ್ಯವಿದ್ದರೆ ಮನೋವೈದ್ಯರು ಕೊಡುವ ಔಷಧಗಳಿಂದಲೂ ಬಹುಮಂದಿಗೆ ಉಪಶಮನ ದೊರೆಯುತ್ತದೆ.

ಕೇಂದ್ರ ಸರ್ಕಾರವು 2022ರ ಅಕ್ಟೋಬರ್ 10ರಂದು ಆರಂಭಿಸಿದ ಟೆಲಿ ಮಾನಸ್ ಸಹಾಯವಾಣಿಯ ಸಂಖ್ಯೆ 14416. ದಿನದ 24 ಗಂಟೆಯೂ ಉಚಿತವಾಗಿರುವ ಈ ಸೇವೆ ಕನ್ನಡ, ಮಲಯಾಳ ಸೇರಿದಂತೆ ಹಲವು ಭಾಷೆಗಳಲ್ಲಿ ದೊರೆಯುತ್ತದೆ. ಕೇರಳದಲ್ಲಿರುವವರು ರಾಜ್ಯದ ‘ದಿಶಾ’ ಸಹಾಯವಾಣಿಗೆ 1056ರಲ್ಲಿಯೂ ಕರೆ ಮಾಡಬಹುದು. ಕರ್ನಾಟಕದ ಸರ್ಕಾರಿ ಆಸ್ಪತ್ರೆಗಳಲ್ಲಿ ಹದಿಹರೆಯದವರಿಗಾಗಿ ಸ್ನೇಹ ಕ್ಲಿನಿಕ್‌ಗಳಿವೆ. ಮಕ್ಕಳು ತಾವಾಗಿ ಬರಲು ಒಪ್ಪದಿದ್ದರೆ ಪೋಷಕರೇ ಮೊದಲು ಕರೆ ಮಾಡಿ, ಮನೆಯಲ್ಲಿ ಹೇಗೆ ಮಾತು ಆರಂಭಿಸಬೇಕೆಂದು ಕೇಳಿ ತಿಳಿಯಬಹುದು.