ಪೋರ್ಟಬಲ್ ಪ್ಲೇಯರ್‌ನಿಂದ ಸಂಗೀತದ ಬ್ಯಾಕಪ್

ಪೋರ್ಟಬಲ್ ಪ್ಲೇಯರ್‌ನಿಂದ ಸಂಗೀತದ ಬ್ಯಾಕಪ್ ಎಂದರೆ ಕೈಯಲ್ಲಿ ಒಯ್ಯಬಹುದಾದ ಧ್ವನಿ ಸಾಧನದಲ್ಲಿರುವ ಹಾಡು, ಪ್ರವಚನ, ಮಂತ್ರಪಠಣ ಮೊದಲಾದ ಧ್ವನಿ ಕಡತಗಳನ್ನು ಗಣಕಯಂತ್ರಕ್ಕೆ ನಕಲಿಸಿ ಕಾಪಿಡುವ ಕ್ರಿಯೆ. ಅಂಗಡಿಯಲ್ಲಿ ಕೊಂಡ ಸಂಗೀತ ಕಳೆದುಹೋದರೆ ಮತ್ತೆ ಕೊಳ್ಳಬಹುದು. ಆದರೆ ಬಳಕೆದಾರರೇ ಮುದ್ರಿಸಿಕೊಂಡ ಧ್ವನಿಯ ಏಕೈಕ ಪ್ರತಿ ಆ ಸಾಧನದಲ್ಲಿಯೇ ಇರುವ ಸಾಧ್ಯತೆ ಹೆಚ್ಚು. ಆದುದರಿಂದ ಇಂತಹ ಕಡತಗಳಿಗೆ ಬ್ಯಾಕಪ್ ವಿಶೇಷವಾಗಿ ಅಗತ್ಯವಾಗುತ್ತದೆ.

ಹಿನ್ನೆಲೆ

ದಕ್ಷಿಣ ಕೊರಿಯಾದ ಸೇಹಾನ್ ಸಂಸ್ಥೆಯ ಎಂಪಿಮ್ಯಾನ್ ಮತ್ತು ಅಮೆರಿಕದ ಡೈಮಂಡ್ ಸಂಸ್ಥೆಯ ರಿಯೋ ಪ್ಲೇಯರ್‌ಗಳು 1998ರಲ್ಲಿ ಮಾರುಕಟ್ಟೆಗೆ ಬಂದವು. ಆಪಲ್ ಸಂಸ್ಥೆಯು 2001ರ ಅಕ್ಟೋಬರ್‌ನಲ್ಲಿ 5 ಜಿಬಿ ಸಾಮರ್ಥ್ಯದ ಐಪಾಡ್ ಅನ್ನು ಪ್ರಕಟಿಸಿತು. 2022ರಲ್ಲಿ ಐಪಾಡ್ ಸರಣಿಯನ್ನು ನಿಲ್ಲಿಸಿತು. ಈ ಸಾಧನಗಳಲ್ಲಿ ಅನೇಕವು ಗಣಕಯಂತ್ರದಿಂದ ಪ್ಲೇಯರ್‌ಗೆ ಕಡತ ಸಾಗಿಸುವ ಉದ್ದೇಶದಿಂದಲೇ ರೂಪುಗೊಂಡಿದ್ದವು. ಹಿಮ್ಮುಖ ಸಾಗಣೆಗೆ ಅವುಗಳ ತಂತ್ರಾಂಶ ಸುಲಭವಾಗಿ ಅವಕಾಶ ಕೊಡುತ್ತಿರಲಿಲ್ಲ.

ಮುಂಡಗೋಡದ ಟಿಬೆಟನ್ ಕಾಲೊನಿ

ಉತ್ತರ ಕನ್ನಡ ಜಿಲ್ಲೆಯ ಮುಂಡಗೋಡದ ಬಳಿ 1966ರಲ್ಲಿ ಸ್ಥಾಪನೆಯಾದ ಟಿಬೆಟನ್ ಕಾಲೊನಿಗೆ ಡೋಗುಲಿಂಗ್ ಎಂಬ ಹೆಸರಿದೆ. ಟಿಬೆಟ್‌ನ ಡ್ರೆಪುಂಗ್ ಮತ್ತು ಗಾಡೆನ್ ಮಹಾವಿಹಾರಗಳು ಇಲ್ಲಿ ಪುನಃ ಸ್ಥಾಪಿತವಾಗಿವೆ. ಡ್ರೆಪುಂಗ್‌ನ ಗೋಮಾಂಗ್ ಮತ್ತು ಲೋಸೆಲಿಂಗ್, ಗಾಡೆನ್‌ನ ಶಾರ್ತ್ಸೆ ಮತ್ತು ಜಾಂಗ್ತ್ಸೆ ವಿದ್ಯಾಪೀಠಗಳು ಈ ಕಾಲೊನಿಯಲ್ಲಿವೆ.

ಟಿಬೆಟನ್ ಬೌದ್ಧ ಪರಂಪರೆಯಲ್ಲಿ ಗ್ರಂಥವನ್ನು ಗುರುವು ಗಟ್ಟಿಯಾಗಿ ಓದಿ, ಶಿಷ್ಯನು ಕೇಳಿ ಪಡೆಯುವ ಕ್ರಮವಿದೆ. ಇದನ್ನು ‘ಲುಂಗ್’ ಎನ್ನುತ್ತಾರೆ. ಪಠಣದ ಏರಿಳಿತ, ಉಸಿರಿನ ನಿಲುಗಡೆ ಮತ್ತು ಮಂದ್ರ ಸ್ವರಗಳು ಮುದ್ರಿತ ಪುಟದಲ್ಲಿ ಪೂರ್ಣವಾಗಿ ದಾಖಲಾಗುವುದಿಲ್ಲ. ಧ್ವನಿಮುದ್ರಣವು ಗುರುವಿನಿಂದ ನೇರವಾಗಿ ಕೇಳುವುದಕ್ಕೆ ಪರ್ಯಾಯವಲ್ಲವಾದರೂ, ಅಭ್ಯಾಸಕ್ಕೂ ನೆನಪಿಗೂ ನೆರವಾಗುತ್ತದೆ. ದಲೈ ಲಾಮಾ ಅವರ ಬೋಧನೆಗಳಲ್ಲಿ ಅನುವಾದವನ್ನು ಎಫ್‌ಎಂ ತರಂಗಾಂತರದಲ್ಲಿ ಬಿತ್ತರಿಸುವ ರೂಢಿಯಿದೆ. ರೇಡಿಯೋ ಮತ್ತು ಧ್ವನಿಮುದ್ರಣ ಸೌಲಭ್ಯ ಎರಡೂ ಇರುವ ಪ್ಲೇಯರ್ ಅದನ್ನು ನೇರವಾಗಿ ದಾಖಲಿಸಬಲ್ಲದು. ಹಳಿಯಾಳ, ಯಲ್ಲಾಪುರ, ಮುಂಡಗೋಡ ಭಾಗದ ಸಿದ್ದಿ ಸಮುದಾಯದ ಡಮಾಮಿ ಹಾಡು-ಕುಣಿತದ ಮುದ್ರಣಗಳಿಗೂ ಇದೇ ಎಚ್ಚರ ಅನ್ವಯಿಸುತ್ತದೆ.

ವಿಧಾನಗಳು

ಸಾಧನವು ಗಣಕಯಂತ್ರದೊಡನೆ ವ್ಯವಹರಿಸುವ ಬಗೆಯನ್ನು ಅನುಸರಿಸಿ ವಿಧಾನ ಬದಲಾಗುತ್ತದೆ.

ಪೆನ್‌ಡ್ರೈವ್‌ನಂತೆ ತೋರುವ ಪ್ಲೇಯರ್: ಯುಎಸ್‌ಬಿ ತಂತಿಯಿಂದ ಜೋಡಿಸಿದಾಗ ಇದು ಪ್ರತ್ಯೇಕ ಡ್ರೈವ್ ಆಗಿ ಕಾಣಿಸುತ್ತದೆ. ಹಾಡುಗಳ ಫೋಲ್ಡರ್ ಅಲ್ಲದೆ ಧ್ವನಿಮುದ್ರಣದ ಫೋಲ್ಡರ್ ಅನ್ನೂ ನಕಲಿಸಬೇಕು. ಎರಡನೆಯದು ಬೇರೆ ಹೆಸರಿನಲ್ಲಿರುವುದರಿಂದ ಬಿಟ್ಟುಹೋಗುವ ಸಂಭವವಿದೆ.

ಎಂಟಿಪಿ ಸಾಧನ: ಇದು ಡ್ರೈವ್ ಅಕ್ಷರವಿಲ್ಲದೆ ಸಾಧನದ ಹೆಸರಿನಲ್ಲಿ ಕಾಣಿಸುತ್ತದೆ. ವಿಂಡೋಸ್‌ನಲ್ಲಿ ಕಡತ ನಿರ್ವಾಹಕದಿಂದಲೇ ನಕಲಿಸಬಹುದು. ಮ್ಯಾಕ್‌ನಲ್ಲಿ ಪ್ರತ್ಯೇಕ ತಂತ್ರಾಂಶ ಬೇಕಾಗುತ್ತದೆ.

ಹಳೆಯ ಐಪಾಡ್: ಇದರಲ್ಲಿ ಹಾಡುಗಳು ಅಡಗಿಸಿಟ್ಟ ಫೋಲ್ಡರ್‌ನೊಳಗೆ ‘ಎಫ್00’, ‘ಎಫ್01’ ಎಂಬ ಉಪಫೋಲ್ಡರ್‌ಗಳಲ್ಲಿ ನಾಲ್ಕಕ್ಷರದ ಅರ್ಥವಿಲ್ಲದ ಹೆಸರುಗಳೊಡನೆ ಹಂಚಿಹೋಗಿರುತ್ತವೆ. ಅಡಗಿದ ಕಡತಗಳನ್ನು ತೋರಿಸುವ ಆಯ್ಕೆಯನ್ನು ಸಕ್ರಿಯಗೊಳಿಸಿ ಇವನ್ನು ನಕಲಿಸಬಹುದು. ಹಾಡಿನ ನಿಜವಾದ ಹೆಸರು ಕಡತದೊಳಗಿನ ಟ್ಯಾಗ್‌ನಲ್ಲಿ ಇದ್ದರೆ ಗ್ರಂಥಾಲಯ ತಂತ್ರಾಂಶವು ಅದನ್ನು ಓದಿಕೊಳ್ಳುತ್ತದೆ. ಹೊಸ ಗಣಕಯಂತ್ರಕ್ಕೆ ಜೋಡಿಸಿದಾಗ ಐಟ್ಯೂನ್ಸ್ ‘ಅಳಿಸಿ ಸಿಂಕ್ ಮಾಡಬೇಕೇ’ ಎಂದು ಕೇಳಿದರೆ ಒಪ್ಪಬಾರದು. ಒಪ್ಪಿದಲ್ಲಿ ಪ್ಲೇಯರ್‌ನ ಸಂಗ್ರಹ ಅಳಿದು, ಆ ಗಣಕಯಂತ್ರದ ಸಂಗ್ರಹವು ಅದರ ಸ್ಥಾನಕ್ಕೆ ಬರುತ್ತದೆ.

ಕಡತ ಸಾಗಿಸದ ಸಾಧನ: ಕ್ಯಾಸೆಟ್ ಪ್ಲೇಯರ್‌ಗಳಲ್ಲಿ ಮತ್ತು ಬಹುತೇಕ ಮಿನಿಡಿಸ್ಕ್ ಸಾಧನಗಳಲ್ಲಿ ಕಡತವನ್ನು ನಕಲಿಸಲಾಗದು. ಹೆಡ್‌ಫೋನ್ ರಂಧ್ರದಿಂದ ಗಣಕಯಂತ್ರದ ಲೈನ್-ಇನ್‌ಗೆ ತಂತಿ ಜೋಡಿಸಿ, ಆಡಾಸಿಟಿಯಂತಹ ತಂತ್ರಾಂಶದಲ್ಲಿ ಮರುಮುದ್ರಿಸಬೇಕು. ಒಂದು ಗಂಟೆಯ ಧ್ವನಿಗೆ ಒಂದು ಗಂಟೆಯೇ ಹಿಡಿಯುತ್ತದೆ.

ಗಾತ್ರ ಮತ್ತು ಗುಣಮಟ್ಟ

ಸೆಕೆಂಡಿಗೆ 128 ಕಿಲೋಬಿಟ್ ದರದ ಎಂಪಿ3 ಕಡತವು ಗಂಟೆಗೆ ಸುಮಾರು 58 ಎಂಬಿ ಸ್ಥಳ ಬಳಸುತ್ತದೆ. ಸಿಡಿ ಗುಣಮಟ್ಟದ ಸಂಕುಚಿಸದ ಧ್ವನಿಗೆ ಗಂಟೆಗೆ ಸುಮಾರು 635 ಎಂಬಿ ಬೇಕು. ಎಂಪಿ3 ಕಡತವನ್ನು ಇದ್ದಂತೆಯೇ ನಕಲಿಸಿದರೆ ಗುಣಮಟ್ಟ ಕುಂದುವುದಿಲ್ಲ. ಮತ್ತೊಮ್ಮೆ ಎಂಪಿ3ಗೆ ಪರಿವರ್ತಿಸಿದರೆ ಕುಂದುತ್ತದೆ.

ಹೆಸರು ಮತ್ತು ಲಿಪಿ

ಹಳೆಯ ಐಡಿ3 ಮೊದಲ ಆವೃತ್ತಿಯ ಟ್ಯಾಗ್‌ನಲ್ಲಿ ಶೀರ್ಷಿಕೆಗೆ 30 ಬೈಟ್ ಮಾತ್ರ ಮೀಸಲು. ಯುಟಿಎಫ್-8 ಕ್ರಮದಲ್ಲಿ ಕನ್ನಡದ ಅಥವಾ ಟಿಬೆಟನ್ ಲಿಪಿಯ ಪ್ರತಿಯೊಂದು ಸಂಕೇತಕ್ಕೂ 3 ಬೈಟ್ ಬೇಕಾಗುವುದರಿಂದ, ಅಲ್ಲಿ 10 ಸಂಕೇತಗಳಷ್ಟೇ ಹಿಡಿಸುತ್ತವೆ. ಅಲ್ಲದೆ ಆ ಆವೃತ್ತಿಯು ಯೂನಿಕೋಡ್‌ಗಾಗಿ ರೂಪುಗೊಂಡದ್ದಲ್ಲ. ಎರಡನೆಯ ಆವೃತ್ತಿಯ ಟ್ಯಾಗ್ ಯೂನಿಕೋಡ್ ಅನ್ನು ಒಪ್ಪುತ್ತದೆ. ಪ್ಲೇಯರ್ ತಾನೇ ಕೊಡುವ ಕ್ರಮಸಂಖ್ಯೆಯ ಹೆಸರಿನಿಂದ ಧ್ವನಿ ಯಾರದೆಂದು ತಿಳಿಯದು. ಸಾಧನದ ಗಡಿಯಾರ ತಪ್ಪಿದ್ದರೆ ದಿನಾಂಕವೂ ತಪ್ಪಾಗಿರುತ್ತದೆ. ಪಠಿಸಿದವರು, ಗ್ರಂಥ, ಸ್ಥಳ ಮತ್ತು ದಿನಾಂಕವನ್ನು, ಅವನ್ನು ಬಲ್ಲವರು ಇರುವಾಗಲೇ, ಒಂದು ಪಠ್ಯ ಕಡತದಲ್ಲಿ ಬರೆದಿಡುವುದು ಉಪಯುಕ್ತ.

ಪರಿಶೀಲನೆ

ನಕಲಿಸಿದ ನಂತರ ಕಡತಗಳ ಸಂಖ್ಯೆ ಮತ್ತು ಒಟ್ಟು ಗಾತ್ರವನ್ನು ಹೋಲಿಸಬೇಕು. ಎಸ್‌ಎಚ್‌ಎ-256ರಂತಹ ಚೆಕ್‌ಸಮ್ ಎರಡೂ ಕಡೆ ಒಂದೇ ಆಗಿದ್ದರೆ ನಕಲು ಯಥಾವತ್ತಾಗಿದೆ ಎಂದು ತಿಳಿಯಬಹುದು. ಕೆಲವು ಕಡತಗಳನ್ನು ಆರಂಭ, ನಡುವೆ ಮತ್ತು ಕೊನೆಯಲ್ಲಿ ಕೇಳಿ ನೋಡುವುದೂ ಒಳ್ಳೆಯದು. ಗಣಕಯಂತ್ರದ ಡಿಸ್ಕ್ ಸಹ ಕೆಡಬಹುದಾದ್ದರಿಂದ, ಮೂರು ಪ್ರತಿಗಳನ್ನು ಎರಡು ಬಗೆಯ ಮಾಧ್ಯಮಗಳಲ್ಲಿ ಇಟ್ಟು, ಒಂದನ್ನು ಬೇರೆ ಸ್ಥಳದಲ್ಲಿ ಕಾಯ್ದಿರಿಸುವ ‘3-2-1’ ನಿಯಮ ಪ್ರಚಲಿತವಾಗಿದೆ. ಇವೆಲ್ಲ ಮುಗಿಯುವವರೆಗೆ ಪ್ಲೇಯರ್‌ನಲ್ಲಿರುವ ಮೂಲವನ್ನು ಅಳಿಸಬಾರದು.

ಕಾನೂನು

ಭಾರತದ 1957ರ ಕೃತಿಸ್ವಾಮ್ಯ ಕಾಯಿದೆಯ 52ನೆಯ ಕಲಮು ಖಾಸಗಿ ಅಥವಾ ವೈಯಕ್ತಿಕ ಬಳಕೆಗಾಗಿ ಮಾಡುವ ನ್ಯಾಯೋಚಿತ ಉಪಯೋಗಕ್ಕೆ ವಿನಾಯಿತಿ ನೀಡುತ್ತದೆ. 2012ರ ತಿದ್ದುಪಡಿಯಿಂದ ಸೇರಿದ 65ಎ ಕಲಮು, ಹಕ್ಕುಗಳನ್ನು ಉಲ್ಲಂಘಿಸುವ ಉದ್ದೇಶದಿಂದ ತಾಂತ್ರಿಕ ರಕ್ಷಣೆಯನ್ನು ಭೇದಿಸುವುದನ್ನು ಅಪರಾಧವೆಂದು ಪರಿಗಣಿಸುತ್ತದೆ. ಕಾಯಿದೆಯಲ್ಲಿ ಪ್ರದರ್ಶಕರಿಗೂ ಹಕ್ಕುಗಳಿವೆ. ಆದ್ದರಿಂದ ಸ್ವಂತಕ್ಕಾಗಿ ಕಾಪಿಟ್ಟ ಪಠಣ ಅಥವಾ ಹಾಡನ್ನು ಸಾರ್ವಜನಿಕವಾಗಿ ಹಂಚುವ ಮೊದಲು ಸಂಬಂಧಪಟ್ಟವರ ಒಪ್ಪಿಗೆ ಪಡೆಯಬೇಕು.