ಈಚಲು ಮರ ತೆಂಗಿನ ಮರವಾದ ಕಥೆ: ಸರ್ಕಾರಿ ಗೋಡೆಚಿತ್ರಗಳು ಯಾಕೆ ಹಾಗಿರುತ್ತವೆ?

‘ನಮ್ಮಪ್ಪ ಕಡ್ದಿದ್ದು ಈಚಲು ಮರ ಕಣಪ್ಪ. ನೀವು ತೆಂಗಿನ ಮರ ಬರೆಸಿದೀರಲ್ಲ, ತೆಂಗು ಯಾರಾದ್ರೂ ಕಡೀತಾರಾ?’

ತುರುವನೂರಿನ ಹೊಸ ಗೋಡೆಚಿತ್ರದ ಮುಂದೆ ನಿಂತು ಹಿರಿಯರೊಬ್ಬರು ಕೇಳಿದ ಈ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಸರ್ಕಾರಿ ಅನುದಾನದ ಕಲಾ ಕಾರ್ಯಕ್ರಮಗಳ ಕಡತ ನೋಡಿಕೊಳ್ಳುವುದು ಆಗ ನನ್ನ ಕೆಲಸ. ಆ ಚಿತ್ರದ ಬಿಲ್ಲಿಗೆ ‘ಕಾಮಗಾರಿ ತೃಪ್ತಿಕರ’ ಎಂದು ಬರೆದು ಸಹಿ ಹಾಕಿದವನೂ ನಾನೇ.

1939ರಲ್ಲಿ ಈ ಊರಿನಲ್ಲಿ ಈಚಲು ಮರ ಕಡಿಯುವ ಸತ್ಯಾಗ್ರಹ ನಡೆಯಿತು. ಈಚಲಿನಿಂದ ಹೆಂಡ, ಹೆಂಡದಿಂದ ಸರ್ಕಾರಕ್ಕೆ ಅಬಕಾರಿ ಆದಾಯ. ಮರಕ್ಕೆ ಹಾಕಿದ ಕೊಡಲಿ ಖಜಾನೆಗೂ ಬೀಳುತ್ತಿತ್ತು. ಮರ ಬದಲಾದರೆ ಇಡೀ ಹೋರಾಟಕ್ಕೇ ಅರ್ಥವಿಲ್ಲ.

ಇಂಥ ಚಿತ್ರ ಕಂಡರೆ ನೀವು ಫೋಟೊ ಹಾಕಿ ಟ್ರೋಲ್ ಮಾಡುತ್ತೀರಿ. ಬೈಗುಳ ಪೇಂಟರಿಗೆ ಹೋಗುತ್ತದೆ, ಇಲ್ಲವೇ ‘ಕಲೆ ಗೊತ್ತಿಲ್ಲದ’ ಅಧಿಕಾರಿಗೆ. ಆದರೆ ತಪ್ಪು ಆಗೋದು ಅದಕ್ಕೂ ಮೊದಲು, ಅಂದಾಜುಪಟ್ಟಿ ಬರೆಯುವಾಗ.

ಮೊದಲಿಗೆ, ಗೋಡೆಯೇ ಯಾಕೆ? ಪ್ರತಿಮೆಗೆ ಜಾಗ ಸಿಗೋದು ಕಷ್ಟ. ರಸ್ತೆ, ಫುಟ್‌ಪಾತ್‌ಗಳಂಥ ಸಾರ್ವಜನಿಕ ಸ್ಥಳಗಳಲ್ಲಿ ಪ್ರತಿಮೆಗೆ ಅನುಮತಿ ಕೊಡಬಾರದೆಂದು 2013ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ರಾಜ್ಯಗಳಿಗೆ ಹೇಳಿದೆ. ಗೋಡೆಗೆ ಆ ತಕರಾರಿಲ್ಲ.

ಆಮೇಲೆ ಅಂದಾಜುಪಟ್ಟಿ. ಅದರಲ್ಲಿ ಪ್ರೈಮರ್, ಬಣ್ಣ, ಕೂಲಿ ಎಲ್ಲಕ್ಕೂ ಚದರಡಿ ಲೆಕ್ಕ. ಚಿತ್ರಕಾರ ಊರಿಗೆ ಬಂದು ಎರಡು ದಿನ ಹಿರಿಯರ ಹತ್ತಿರ ಕೂತು ಮಾತಾಡುವುದಕ್ಕೆ, ಸ್ಕೆಚ್ ಹಾಕಿ ತೋರಿಸುವುದಕ್ಕೆ ಒಂದು ಸಾಲೂ ಇಲ್ಲ. ಸಾಲಿಲ್ಲ ಅಂದ ಮೇಲೆ ದುಡ್ಡೂ ಇಲ್ಲ.

ಮೂರನೆಯದು ಟೆಂಡರ್. ಸಾರ್ವಜನಿಕ ಸಂಗ್ರಹಣೆಯಲ್ಲಿ ಪಾರದರ್ಶಕತೆ ತರಲು ರಾಜ್ಯ 1999ರಲ್ಲಿ ಕಾಯ್ದೆ ಮಾಡಿತು. ಒಳ್ಳೆಯ ಕಾಯ್ದೆಯೇ; ಬೇಕಾದವರಿಗೆ ಕೆಲಸ ಹಂಚುವುದಕ್ಕೆ ಅದು ತಡೆ. ಆದರೆ ಚಿತ್ರವನ್ನೂ ಸಿಮೆಂಟಿನ ಹಾಗೆ ಕೊಂಡರೆ ಕಡಿಮೆ ದರ ಬರೆದವನೇ ಗೆಲ್ಲುತ್ತಾನೆ. ಠೇವಣಿ, ಜಿಎಸ್‌ಟಿ ನೋಂದಣಿ, ಹಿಂದಿನ ವಹಿವಾಟಿನ ದಾಖಲೆ ಎಲ್ಲ ಕೇಳಿದರೆ ಹಳ್ಳಿಯ ಕಲಾವಿದ ಬಾಗಿಲಲ್ಲೇ ವಾಪಸ್. ನಮ್ಮ ಕೆಲಸ ಹಿಡಿದದ್ದು ಒಬ್ಬ ಕಂಟ್ರಾಕ್ಟರ್. ಆತ ದೂರದ ಊರಿನ ಪೇಂಟರಿಗೆ ಮೊಬೈಲಿನಲ್ಲಿ ‘ಜನ ಮರ ಕಡಿಯುತ್ತಿರುವುದು’ ಅಂತ ಹೇಳಿದ. ಪೇಂಟರು ತನಗೆ ಬರುವ ಮರ ಬರೆದ.

ಕೊನೆಗೆ ಮಾರ್ಚ್ 31. ಅಷ್ಟರೊಳಗೆ ಖರ್ಚಾಗದ ಹಣ ವಾಪಸ್ ಹೋಗುತ್ತದೆ. ‘ಮರ ತಪ್ಪಾಗಿದೆ, ತಿದ್ದಿಸೋಣ’ ಎಂದರೆ ಬಿಲ್ ನಿಲ್ಲುತ್ತದೆ, ಪೇಂಟರ ಕೂಲಿಯೂ ನಿಲ್ಲುತ್ತದೆ. ನಾನು ಸಹಿ ಹಾಕಿದೆ. ಇದನ್ನು ಸಮರ್ಥಿಸಿಕೊಳ್ಳುತ್ತಿಲ್ಲ. ತಡೆದಿದ್ದರೆ ನನ್ನ ಮೇಲೊಂದು ನೋಟಿಸ್ ಬರುತ್ತಿತ್ತು, ಅಷ್ಟೇ.

ಬೇರೆ ದಾರಿ ಇಲ್ಲವಾ? ಇದೆ. ಫ್ರಾನ್ಸ್ 1951ರಲ್ಲಿ ಶಾಲೆ ಕಟ್ಟುವ ವೆಚ್ಚದ ಶೇ. 1ರಷ್ಟನ್ನು ಕಲಾಕೃತಿಗೆ ಮೀಸಲಿಟ್ಟಿತು. ನಂತರ ಬೇರೆ ಸರ್ಕಾರಿ ಕಟ್ಟಡಗಳಿಗೂ ಅದು ಬಂತು. ಅಲ್ಲಿ ಆಯ್ಕೆ ಸಮಿತಿಯಲ್ಲಿ ಕಲೆ ಬಲ್ಲವರ ಜೊತೆ ಆ ಕಟ್ಟಡ ಬಳಸುವವರೂ ಇರುತ್ತಾರೆ. ಅಷ್ಟು ದೂರ ಯಾಕೆ, ಸಲಹಾ ಸೇವೆಗಳನ್ನು ಪಡೆಯುವಾಗ ದರದ ಜೊತೆ ಗುಣಮಟ್ಟಕ್ಕೂ ಅಂಕ ಕೊಡುವ ಪದ್ಧತಿ ನಮ್ಮ ಸರ್ಕಾರದಲ್ಲೇ ಇದೆ. ಕಲೆಗೂ ಅದನ್ನೇ ಬಳಸಿ ಎಂದು ಕೇಳಬಹುದು.

ಕೇಳಬೇಕಾದವರು ನೀವು. ನಿಮ್ಮೂರಲ್ಲಿ ಹೊಸ ಚಿತ್ರ ಬಂದರೆ ಮಾಹಿತಿ ಹಕ್ಕಿನಡಿ ಅಂದಾಜುಪಟ್ಟಿ, ಟೆಂಡರ್ ಷರತ್ತು, ಕಾರ್ಯಾದೇಶದ ಪ್ರತಿ ಕೇಳಿ. ಶುಲ್ಕ 10 ರೂಪಾಯಿ. ಕರ್ನಾಟಕದಲ್ಲಿ ಅರ್ಜಿ 150 ಪದ ಮೀರಬಾರದು. ಉತ್ತರಕ್ಕೆ 30 ದಿನ. ಚಿತ್ರಕಾರನ ಕೈಗೆ ಎಷ್ಟು ಸೇರಿತು, ವಿಷಯ ಯಾರು ತೀರ್ಮಾನಿಸಿದರು ಅನ್ನುವ ಹುಡುಕಾಟ ಅಲ್ಲಿಂದ ಶುರುವಾಗುತ್ತೆ. ಇನ್ನೂ ಒಳ್ಳೇದು, ಬಣ್ಣದ ಡಬ್ಬಿ ಬರುವ ಮೊದಲೇ ಗ್ರಾಮಸಭೆಯಲ್ಲಿ ಸ್ಕೆಚ್ ತೋರಿಸಿ ಎಂದು ಪಟ್ಟು ಹಿಡಿಯಿರಿ.

ತುರುವನೂರಿನ ಆ ಹಿರಿಯರಿಗೆ ಸ್ಕೆಚ್ ತೋರಿಸಿದ್ದರೆ ತೆಂಗಿನ ಮರ ಗೋಡೆ ಹತ್ತುತ್ತಿರಲಿಲ್ಲ. ಅದಕ್ಕೆ ಬೇಕಾಗಿದ್ದದ್ದು ಒಂದು ಮಧ್ಯಾಹ್ನ ಮಾತ್ರ.